ಸೊನ್ನೆ ಕಳಚಿದ ಹದಿಮೂರು

ಪಂಜಾಬಿಯಲ್ಲಿ ಹದಿಮೂರಕ್ಕೆ ‘ತೇರಾಂ’ ಎನ್ನುತ್ತಾರೆ, ನಿನ್ನದು ಎನ್ನಲು ‘ತೇರಾ’. ಗುರುಮುಖಿ ಲಿಪಿಯಲ್ಲಿ ಈ ಎರಡು ಪದಗಳನ್ನು ಬೇರೆ ಮಾಡುವುದು ಕೊನೆಯ ಅಕ್ಷರದ ಮೇಲಿನ ಒಂದು ಬಿಂದು. ಕನ್ನಡದ ಮಕ್ಕಳು ಸೊನ್ನೆ ಎಂದು ಕಲಿಯುವ ಅನುಸ್ವಾರವೇ ಅದು. ಮಾತಿನ ಓಟದಲ್ಲಿ ಮೂಗಿನ ಆ ಎಳೆ ಕೇಳಿಸಿತೋ ಇಲ್ಲವೋ ಎನ್ನುವಷ್ಟು ಸಣ್ಣದು. ಸಿಖ್ಖರ ಅತಿ ಪ್ರೀತಿಯ ಕಥೆಗಳಲ್ಲೊಂದು ಈ ಬಿಂದುವಿನ ಮೇಲೆ ನಿಂತಿದೆ. ಗುರು ನಾನಕರು (1469–1539) ಹರೆಯದಲ್ಲಿ ಸುಲ್ತಾನ್‌ಪುರ ಲೋಧಿಯ ನವಾಬ ದೌಲತ್ ಖಾನ್ ಲೋಧಿಯ ಉಗ್ರಾಣ ನೋಡಿಕೊಳ್ಳುತ್ತಿದ್ದರು. ಅಕ್ಕ ಬೇಬೆ ನಾನಕಿಯ ಗಂಡ ಜೈರಾಮ್ ಕೊಡಿಸಿದ್ದ ಕೆಲಸ. ಧಾನ್ಯ ಅಳೆಯುತ್ತ ಎಣಿಕೆ ಹನ್ನೆರಡು ದಾಟಿ ಹದಿಮೂರಕ್ಕೆ ಬಂದಾಗ ನಾಲಗೆ ಅಲ್ಲೇ ನಿಂತುಬಿಟ್ಟಿತು. ‘ತೇರಾ, ತೇರಾ’ ಎನ್ನುತ್ತ ಅಳೆದದ್ದೆಲ್ಲ ದೇವರ ಲೆಕ್ಕಕ್ಕೆ ಹೋಯಿತು, ಧಾನ್ಯ ಬಡವರ ಚೀಲಕ್ಕೆ ಹೋಯಿತು. ದೂರು ಹೋಗಿ ಲೆಕ್ಕ ತಪಾಸಣೆ ಆದಾಗ ಉಗ್ರಾಣದಲ್ಲಿ ಕೊರತೆ ಕಾಣಲಿಲ್ಲ ಎಂದು ನಾನಕರ ಜೀವನಕಥೆಗಳಾದ ಜನಮಸಾಖಿಗಳ ಪರಂಪರೆ ಹೇಳುತ್ತದೆ. ಆ ಉಗ್ರಾಣ ಇತ್ತೆನ್ನುವ ಜಾಗದಲ್ಲಿ ಈಗ ಗುರುದ್ವಾರಾ ಹಟ್ ಸಾಹಿಬ್ ಇದೆ. ಹಳೆಯ ತೂಕದ ಕಲ್ಲುಗಳನ್ನು ಅಲ್ಲಿ ಕಾಪಾಡಿಕೊಂಡು ಬಂದಿದ್ದಾರೆ.

ಈ ಕಥೆಯಲ್ಲಿ ಶ್ಲೇಷೆ ಅಲಂಕಾರವಾಗಿ ಬಂದಿಲ್ಲ. ಶ್ಲೇಷೆಯನ್ನು ತೆಗೆದರೆ ಕಥೆಯೇ ಉಳಿಯುವುದಿಲ್ಲ. ಲೆಕ್ಕದ ಪದ ಅರ್ಪಣೆಯ ಪದವಾಗಲು ಬೇಕಾದದ್ದು ಒಂದು ಸೊನ್ನೆ ಕಳಚಿಕೊಳ್ಳುವುದು, ಅಷ್ಟೇ. ಅದೇ ಕಾಲದಲ್ಲಿ ದಕ್ಷಿಣದಲ್ಲಿ ಬಾಳಿದ ಪುರಂದರದಾಸರಿಗೂ ಇಂಥದೇ ಒಂದು ಧಾನ್ಯದ ಮಾತು ಒಲಿದಿತ್ತು. ಭಿಕ್ಷೆಗೆ ರಾಗಿ ಬೇಡುವ ಅವರ ಹೆಸರಾಂತ ‘ರಾಗಿ ತಂದೀರಾ’ ಕೀರ್ತನೆಯಲ್ಲಿ ‘ರಾಗಿ’ ಎಂಬುದು ಚೀಲಕ್ಕೆ ಬೀಳುವ ಕಾಳೂ ಹೌದು, ಒಳ್ಳೆಯವ‘ರಾಗಿ’ ಎನ್ನುವಲ್ಲಿ ಪದದ ಬಾಲಕ್ಕೆ ಅಂಟಿ ಬರುವ ‘ಆಗಿ’ಯೂ ಹೌದು. ಕಾಳು ಕೇಳುತ್ತಿದ್ದಾರೆಂದು ಬಾಗಿಲಿಗೆ ಬಂದ ಗೃಹಿಣಿಗೆ ಹೀಗಾಗಿ, ಹಾಗಾಗಿ ಎಂಬ ಬಾಳಿನ ಪಾಠ ಸಿಗುತ್ತದೆ. ದಂಡಿ ತನ್ನ ‘ಕಾವ್ಯಾದರ್ಶ’ದಲ್ಲಿ ಶ್ಲೇಷೆಯನ್ನು ಪದ ಒಡೆಯದೆ ಎರಡರ್ಥ ಕೊಡುವುದು, ಪದ ಒಡೆದು ಎರಡರ್ಥ ಕೊಡುವುದು ಎಂದು ವಿಂಗಡಿಸಿದ್ದಾನೆ, ಕನ್ನಡದ ‘ಕವಿರಾಜಮಾರ್ಗ’ವೂ ಅಲಂಕಾರದ ವಿಷಯದಲ್ಲಿ ಬಹುಮಟ್ಟಿಗೆ ಅವನ ದಾರಿಯನ್ನೇ ಹಿಡಿದದ್ದು. ದಾಸರ ರಾಗಿ ಎರಡನೆಯ ಬಗೆಯದು, ಪದವನ್ನು ಒಡೆದರೇ ಸಿಗುವಂಥದ್ದು. ನಾನಕರ ತೇರಾ ಎರಡೂ ಬಗೆಗಳ ಗಡಿಯಲ್ಲಿ ನಿಲ್ಲುತ್ತದೆ. ಅಲ್ಲಿ ಪದ ಒಡೆಯುವುದಿಲ್ಲ, ಒಂದು ಎಳೆ ಮಾತ್ರ ಸಡಿಲುತ್ತದೆ. ಇಬ್ಬರೂ ಸಂತರು ಧಾನ್ಯದ ಮಾತನ್ನೇ ಆಯ್ದುಕೊಂಡದ್ದನ್ನು ಬರೀ ಕಾಕತಾಳೀಯ ಎಂದು ತಳ್ಳಿಹಾಕಬೇಕಾಗಿಲ್ಲ. ಹಸಿವಿನ ಮಾತು ಎಲ್ಲರಿಗೂ ತಿಳಿಯುತ್ತದೆ, ಆದ್ದರಿಂದ ಅದರ ಇನ್ನೊಂದು ಅರ್ಥವೂ ಎಲ್ಲರನ್ನೂ ಮುಟ್ಟುತ್ತದೆ.

ಇಲ್ಲಿ ಧರ್ಮಕ್ಕೆ ಸೇರಿದ ಒಂದು ಕಠಿಣ ಪ್ರಶ್ನೆ ಏಳುತ್ತದೆ. ಸತ್ಯ ಒಂದೇ ಎನ್ನುವ ಧರ್ಮಗಳು ಎರಡು ನಾಲಗೆಯ ಮಾತನ್ನು ಹೇಗೆ ಒಪ್ಪುತ್ತವೆ? ಭಾರತದ ನೆನಪಿನಲ್ಲಿ ಇದಕ್ಕೆ ಒಂದು ಭಯಂಕರ ದೃಷ್ಟಾಂತವಿದೆ. ಅಶ್ವತ್ಥಾಮ ಎಂಬ ಆನೆ ಸತ್ತಿತು ಎಂಬುದನ್ನು, ಅಶ್ವತ್ಥಾಮ ಎಂಬ ಮಗ ಸತ್ತನೆಂದು ದ್ರೋಣನಿಗೆ ಕೇಳಿಸುವ ಹಾಗೆ ಧರ್ಮರಾಯ ಹೇಳಿದ. ಒಂದೊಂದೇ ಪದವನ್ನು ತೂಗಿದರೆ ಅಲ್ಲಿ ಸುಳ್ಳು ಸಿಗುವುದಿಲ್ಲ. ಆದರೂ ಅದುವರೆಗೆ ನೆಲದಿಂದ ನಾಲ್ಕು ಬೆರಳು ಮೇಲೆ ಓಡುತ್ತಿದ್ದ ಅವನ ರಥ ನೆಲಕ್ಕೆ ತಾಗಿತು. ನಾನಕರ ಮಾತೂ ಎರಡರ್ಥದ್ದೇ, ಧರ್ಮರಾಯನ ಮಾತೂ ಎರಡರ್ಥದ್ದೇ. ಒಂದು ಪೂಜೆಯಾಯಿತು, ಇನ್ನೊಂದು ವಂಚನೆಯಾಯಿತು. ಎರಡನ್ನೂ ಬೇರೆ ಮಾಡುವುದು ಅರ್ಥಗಳ ಸಂಖ್ಯೆಯಲ್ಲ. ಮಾತು ಯಾರಿಗೆ ತಗಲುತ್ತದೋ ಅವರಿಗೆ ಎರಡೂ ಅರ್ಥ ತೆರೆದಿವೆಯೇ ಎಂಬುದು. ದ್ರೋಣನಿಗೆ ಆನೆಯ ಅರ್ಥ ಮುಚ್ಚಿತ್ತು, ಅದನ್ನು ಬೇಕೆಂದೇ ಮುಚ್ಚಲಾಗಿತ್ತು. ಉಗ್ರಾಣದ ಮುಂದೆ ಚೀಲ ಹಿಡಿದು ನಿಂತವನಿಗೆ ಹದಿಮೂರೂ ಕೇಳಿಸಿತು, ನಿನ್ನದು ಎಂಬುದೂ ಕೇಳಿಸಿತು. ಪಂಜಾಬಿನ ಹಾಸ್ಯ ಪರಂಪರೆಯನ್ನು ಈ ಒರೆಗಲ್ಲಿಗೆ ಹಚ್ಚಿ ನೋಡಿದರೆ ಅದರ ಚಿನ್ನ ಯಾವುದು, ಹಿತ್ತಾಳೆ ಯಾವುದು ಎಂಬುದು ಸಾಕಷ್ಟು ಸ್ಪಷ್ಟವಾಗುತ್ತದೆ.

ಆ ಪರಂಪರೆಯ ಅತ್ಯಂತ ಶ್ರೀಮಂತ ಭಾಗ ಹುಟ್ಟಿದ್ದು ಕಡುಬಡತನದಲ್ಲಿ. ಗುರು ಗೋಬಿಂದ್ ಸಿಂಗ್ 1699ರಲ್ಲಿ ಆನಂದಪುರದಲ್ಲಿ ಖಾಲ್ಸಾ ಎಂಬ ದೀಕ್ಷಿತ ಸಿಖ್ಖರ ಸಮುದಾಯ ಸ್ಥಾಪಿಸಿದರು. ಅಂದು ತಲೆಯೊಪ್ಪಿಸಲು ಎದ್ದು ನಿಂತ ಐವರಲ್ಲಿ ಒಬ್ಬರಾದ ಭಾಯಿ ಸಾಹಿಬ್ ಸಿಂಗ್ ನಮ್ಮ ಬೀದರಿನವರು ಎಂಬುದು ಸಿಖ್ ಪರಂಪರೆಯ ನಂಬಿಕೆ. ಮುಂದಿನ ಆರು ದಶಕ ಖಾಲ್ಸಾಕ್ಕೆ ಬೇಟೆಯ ಕಾಲ. ಲಾಹೋರಿನ ಸುಬೇದಾರ ಜಕರಿಯಾ ಖಾನ್ ಸಿಖ್ಖರ ತಲೆಗೆ ಬೆಲೆ ಕಟ್ಟಿದ್ದ. 1746ರಲ್ಲಿ ಒಮ್ಮೆ, 1762ರಲ್ಲಿ ಅಹ್ಮದ್ ಶಾ ಅಬ್ದಾಲಿಯ ಕೈಯಲ್ಲಿ ಮತ್ತೊಮ್ಮೆ ದೊಡ್ಡ ನರಮೇಧಗಳಾದವು. ಕಾಡಿನಲ್ಲಿ, ಮರಳುಗಾಡಿನಲ್ಲಿ, ಕುದುರೆಯ ಬೆನ್ನ ಮೇಲೆ ದಿನ ಕಳೆದ ನಿಹಂಗರೆಂಬ ಸಿಖ್ ಯೋಧರು ಆಗ ಒಂದು ಭಾಷೆ ಕಟ್ಟಿಕೊಂಡರು. ಅದಕ್ಕೆ ‘ಖಾಲ್ಸಾ ಬೋಲೆ’ ಎಂದು ಹೆಸರು, ‘ಗಡ್‌ಗಜ್ ಬೋಲೆ’ ಎಂದೂ ಕರೆಯುತ್ತಾರೆ. ಗುಡುಗುವ ಮಾತು ಎಂದರ್ಥ. ಭಾಯಿ ಕಾಹ್ನ ಸಿಂಗ್ ನಾಭಾ ಅವರ ‘ಮಹಾನ್ ಕೋಶ’ (1930) ಇಂಥ ನೂರಾರು ಪದಗಳನ್ನು ಉಳಿಸಿಕೊಟ್ಟಿದೆ.

ಆ ಕೋಶದಲ್ಲಿ ಹುರಿಗಡಲೆಗೆ ಬಾದಾಮಿ ಎಂದು ಹೆಸರು. ಈರುಳ್ಳಿ ಬೆಳ್ಳಿ. ಬದನೆಕಾಯಿ ಒಂಟಿಕಾಲಿನ ಲಾವುಗೆ ಹಕ್ಕಿ. ತೊಟ್ಟು ಹಿಡಿದು ತೂಗಿಸಿ ನೋಡಿದವರಿಗೆ ಆ ಒಂಟಿಕಾಲು ಕಂಡೇ ಕಾಣುತ್ತದೆ, ಮಾಂಸವಿಲ್ಲದ ಊಟದಲ್ಲಿ ಮಾಂಸವೂ ಕಾಣುತ್ತದೆ. ಮೆಣಸಿನಕಾಯಿ ‘ಲಡಾಕಿ’, ಜಗಳಗಂಟಿ. ಉಪ್ಪು ‘ಸರಬ್‌ರಸ್’, ಎಲ್ಲ ರಸಗಳೂ ಅದೇ. ಹಣ ಬರೀ ‘ಛಿಲ್ಲಡ್’, ಎಂದರೆ ಸಿಪ್ಪೆ. ಕತ್ತೆಯನ್ನು ‘ಥಾಣೇದಾರ್’ ಎಂದು ಕರೆದರು. ಬೆನ್ನಟ್ಟಿ ಬರುತ್ತಿದ್ದವರು ಯಾರೆಂದು ನೆನೆದರೆ ಆ ಹೆಸರು ಏಕೆ ಬಂತೆಂದು ಯಾರೂ ಕೇಳಬೇಕಾಗಿಲ್ಲ. ಒಬ್ಬನೇ ಸಿಖ್ ನಿಂತಿದ್ದರೆ ‘ಸವಾ ಲಾಖ್’, ಒಂದೂಕಾಲು ಲಕ್ಷ ಮಂದಿ ನಿಂತಿದ್ದಾರೆ ಎಂದು ಲೆಕ್ಕ. ಯಾರಾದರೂ ಸತ್ತರೆ ‘ಚಡಾಯಿ’ ಮಾಡಿದರು ಎನ್ನುತ್ತಾರೆ. ದಂಡೆತ್ತಿ ಹೋದರು, ಮೇಲೇರಿದರು ಎಂಬ ಎರಡೂ ಅರ್ಥ ಅದರಲ್ಲಿದೆ. ಇಡೀ ಕೋಶದಲ್ಲಿ ಎಲ್ಲಕ್ಕಿಂತ ಆಳವಾದದ್ದು ‘ಲಂಗರ್ ಮಸ್ತ್’. ಅಡುಗೆಮನೆ ಅಮಲಿನಲ್ಲಿದೆ, ಆನಂದದಲ್ಲಿ ತೇಲುತ್ತಿದೆ ಎಂದು ಕೂಗಿ ಹೇಳಿದರೆ ಒಲೆಯಲ್ಲಿ ಇವತ್ತು ಏನೂ ಇಲ್ಲ ಎಂದು ತಿಳಿಯಬೇಕು.

ಇದು ಸುಳ್ಳೇ? ಕಡಲೆಯನ್ನು ಬಾದಾಮಿ ಎಂದು ಸಂತೆಯಲ್ಲಿ ಮಾರಿದರೆ ಸುಳ್ಳು. ಕಡಲೆ ತಿನ್ನುವವನೇ, ಕಡಲೆಯೆಂದು ಬಲ್ಲವನೇ, ಪಕ್ಕದಲ್ಲಿ ಕೂತು ಅದೇ ಕಡಲೆ ತಿನ್ನುವವನಿಗೆ ಬಾದಾಮಿ ಕೊಡು ಎಂದರೆ ಅಲ್ಲಿ ಮೋಸಹೋದವರು ಯಾರೂ ಇಲ್ಲ. ಇಬ್ಬರಿಗೂ ಎರಡೂ ಅರ್ಥ ಗೊತ್ತು. ಬದಲಾದದ್ದು ಕಡಲೆಯಲ್ಲ, ತಿನ್ನುವವನು ತನ್ನನ್ನು ನೋಡಿಕೊಳ್ಳುವ ರೀತಿ. ಸಿಖ್ಖರು ಇದನ್ನು ‘ಚಡ್ದೀ ಕಲಾ’ ಎನ್ನುತ್ತಾರೆ; ಸದಾ ಏರುತ್ತಲೇ ಇರುವ ಉತ್ಸಾಹ. ನಿತ್ಯದ ಪ್ರಾರ್ಥನೆಯಾದ ಅರ್ದಾಸಿನ ಕೊನೆಯಲ್ಲಿ ಅದನ್ನು ಬೇಡಿಕೊಳ್ಳುತ್ತಾರೆ. ಕನ್ನಡದ ಮನೆಗಳಿಗೂ ಈ ಬಗೆಯ ಮಾತು ಹೊಸದಲ್ಲ. ಹೋಗುವವರು ‘ಬರ್ತೀನಿ’ ಎನ್ನುತ್ತಾರೆ. ಅರಿಸಿನ ಕುಂಕುಮ ಮುಗಿದರೆ ‘ಹೆಚ್ಚಿದೆ’ ಎನ್ನುತ್ತಾರೆ. ದೀಪ ಆರಿಸು ಎಂದು ಹಿರಿಯರ ಬಾಯಲ್ಲಿ ಬರುವುದಿಲ್ಲ, ಶಾಂತ ಮಾಡು ಎಂದು ಬರುತ್ತದೆ. ಆದರೆ ಕನ್ನಡದ ಈ ಮಾತುಗಳ ಹಿಂದೆ ಅಮಂಗಳದ ಅಳುಕಿದೆ, ಕೆಟ್ಟ ನುಡಿ ಬಾಯಿಗೆ ಬಂದರೆ ಕೆಡುಕೂ ಬಂದೀತೆಂಬ ಎಚ್ಚರವಿದೆ. ನಿಹಂಗರ ಮಾತಿನಲ್ಲಿ ಅಳುಕಿಲ್ಲ. ಕೆಡುಕು ಆಗಲೇ ಬಂದು ಎದೆಯ ಮೇಲೆ ಕೂತಿದೆ. ಅದರ ಮುಖಕ್ಕೆ ಹೇಳುವ ಮಾತು ಅದು.

ಕೆಲವು ಪದಗಳ ಬಗ್ಗೆ ಮಾತ್ರ ನಿಂತು ಯೋಚಿಸಬೇಕಾಗುತ್ತದೆ. ಕುರುಡನಿಗೆ ‘ಸೂರ್ಮಾ’, ಶೂರ ಎಂದು ಹೆಸರು. ಒಕ್ಕಣ್ಣನಿಗೆ ಲಕ್ಷ ಕಣ್ಣಿನವನು, ಕಿವುಡನಿಗೆ ಮಹಡಿ ಏರಿದವನು. ಹೊರಗಿನ ಕಿವಿಗೆ ಇವು ಅಂಗವೈಕಲ್ಯದ ಅಣಕದಂತೆ ಕೇಳಿಸಬಹುದು. ಆದರೆ ಕಣ್ಣಿಲ್ಲದ ಕೀರ್ತನಕಾರರನ್ನು ಸಿಖ್ಖರು ಇಂದಿಗೂ ಸೂರ್ಮಾ ಸಿಂಗ್ ಎಂದು ಗೌರವದಿಂದಲೇ ಕರೆಯುತ್ತಾರೆ, ಅವರೂ ಆ ಹೆಸರನ್ನು ಹೊತ್ತು ಬಾಳಿದ್ದಾರೆ. ಯುದ್ಧದಲ್ಲಿ ಕಣ್ಣು ಕಳೆದುಕೊಂಡವರ ನಡುವೆ ಹುಟ್ಟಿದ ಮಾತಿಗೆ ಅಲ್ಲಿ ತೂಕವಿದೆ. ಬೀದಿಯಲ್ಲಿ ಯಾರೋ ಅಪರಿಚಿತರು ಹಂಗಿಸಲು ಆಡಿದರೆ ಅದೇ ಮಾತಿಗೆ ಆ ತೂಕವಿಲ್ಲ. ಒಂದೇ ಪದ ಒಂದು ಬಾಯಲ್ಲಿ ಒರೆಗಲ್ಲಿನ ಪರೀಕ್ಷೆ ಗೆಲ್ಲುತ್ತದೆ, ಇನ್ನೊಂದು ಬಾಯಲ್ಲಿ ಸೋಲುತ್ತದೆ.

ಪಂಜಾಬಿ ವಲಸಿಗರೊಂದಿಗೆ ಸಾಗರ ದಾಟಿದ ಈ ಭಾಷೆ ಇವತ್ತು ಆಸ್ಟ್ರೇಲಿಯಾದ ಸಿಡ್ನಿ ಮತ್ತು ಮೆಲ್ಬರ್ನ್‌ಗಳಲ್ಲಿ ಎಷ್ಟು ಉಳಿದಿದೆ ಎಂದು ನೋಡಲು ಗುರುದ್ವಾರಾದ ಊಟದ ಮನೆಗೆ ಹೋಗಬೇಕು. 2021ರ ಜನಗಣತಿಯಂತೆ ಆಸ್ಟ್ರೇಲಿಯಾದಲ್ಲಿ ಮನೆಮಾತಾಗಿ ಪಂಜಾಬಿ ಆಡುವವರು 2,39,000ಕ್ಕೂ ಹೆಚ್ಚು. ಐದೇ ವರ್ಷದಲ್ಲಿ ಶೇಕಡಾ 80ಕ್ಕೂ ಮಿಕ್ಕಿದ ಏರಿಕೆ. ಸಿಖ್ ಧರ್ಮೀಯರು ಸುಮಾರು 2,10,000. ಅವರಲ್ಲಿ ವಿಕ್ಟೋರಿಯಾ ರಾಜ್ಯದಲ್ಲಿ 91 ಸಾವಿರದಷ್ಟು, ನ್ಯೂ ಸೌತ್ ವೇಲ್ಸ್‌ನಲ್ಲಿ 47 ಸಾವಿರದಷ್ಟು ಮಂದಿ ಇದ್ದಾರೆ. ಸಿಡ್ನಿಯ ಗ್ಲೆನ್‌ವುಡ್, ರೆವೆಸ್ಬಿ, ಮೆಲ್ಬರ್ನಿನ ಬ್ಲ್ಯಾಕ್‌ಬರ್ನ್, ಕ್ರೇಗಿಬರ್ನ್, ಟಾರ್ನೀಟ್‌ಗಳ ಗುರುದ್ವಾರಾಗಳಲ್ಲಿ ನೆಲದ ಮೇಲೆ ಸಾಲಾಗಿ ಕೂತವರ ನಡುವೆ ಬಡಿಸುವವರು ಬುಟ್ಟಿ ಹಿಡಿದು ಬರುತ್ತಾರೆ. ಅವರು ರೊಟ್ಟಿ ಬೇಕೇ ಎಂದು ಕೇಳುವುದಿಲ್ಲ, ‘ಪರ್ಶಾದಾ ಜೀ’ ಎನ್ನುತ್ತಾರೆ. ಕೂತವರು ಎರಡೂ ಅಂಗೈ ಚಾಚಿ ಜೋಡಿಸುತ್ತಾರೆ. ಬಿಸಿ ರೊಟ್ಟಿ ತಟ್ಟೆಗೆ ಬೀಳದೆ ಕೈಗೇ ಇಳಿಯುತ್ತದೆ. ಕನ್ನಡದವರಿಗೆ ಪ್ರಸಾದ ಎಂದರೆ ಮೊದಲು ನೆನಪಾಗುವುದು ಪೂಜಾರಿ ಕೊಡುವ ಚಿಟಿಕೆ. ಇಲ್ಲಿ ಹೊಟ್ಟೆ ತುಂಬುವ ರೊಟ್ಟಿಗೇ ಆ ಹೆಸರು. ಉಣ್ಣುವ ಅನ್ನವನ್ನೆಲ್ಲ ಪ್ರಸಾದವೆಂದು ಕಂಡ, ದಾಸೋಹ ಎಂಬ ಮಾತು ಕಟ್ಟಿದ ಶರಣರ ನಾಡಿನಿಂದ ಬಂದವರಿಗೆ ಈ ಅರ್ಥವಿಸ್ತಾರ ಪರಕೀಯ ಎನಿಸಬೇಕಾಗಿಲ್ಲ.

ಇದೇ ಜಾಗದಲ್ಲಿ ಕನ್ನಡದ ಕಿವಿಗೆ ಮಾತ್ರ ಕೇಳಿಸುವ ಒಂದು ಶ್ಲೇಷೆಯೂ ಇದೆ. ಗುರುವಾಣಿ ಹಾಡುವವರನ್ನು ಸಿಖ್ಖರು ‘ರಾಗಿ’ ಎನ್ನುತ್ತಾರೆ, ರಾಗ ಬಲ್ಲವರು ಎಂದು. ಪಂಜಾಬಿನಿಂದ ಹೊಸ ರಾಗಿ ಜಥಾ (ತಂಡ) ಬಂದಿದೆ ಎಂಬ ಪ್ರಕಟಣೆ ಕೇಳಿದ ಮಂಡ್ಯದವರಿಗೆ ಮೊದಲು ನೆನಪಾಗುವುದು ಮುದ್ದೆ. ಪುರಂದರದಾಸರ ಕೀರ್ತನೆಯ ಹೆಸರನ್ನು ಪಂಜಾಬಿಯವರಿಗೆ ಹೇಳಿದರೆ, ಹಾಡುಗಾರರನ್ನು ಕರೆತಂದಿರಾ ಎಂದು ಕೇಳುತ್ತಿದ್ದಾರೆಂದು ತಿಳಿದಾರು. ಹುಡುಕಿ ಕಟ್ಟಿದ ಶ್ಲೇಷೆ ಇದಲ್ಲ. ಎರಡು ಭಾಷೆಗಳು ಒಂದೇ ಬಡಾವಣೆಯಲ್ಲಿ ನೆರೆಮನೆಯಾದಾಗ ತಾನಾಗಿ ಸಿಕ್ಕಿದ್ದು. ‘ಸಿಖ್’ ಎಂಬ ಹೆಸರಿಗೂ ಹೀಗೆ ಹಲವು ನೆರೆಗಳಿವೆ. ಸಂಸ್ಕೃತದ ಶಿಷ್ಯ ಎಂಬುದರಿಂದ ಬಂದ ಈ ಪದ ಪಂಜಾಬಿಯಲ್ಲಿ ಹೆಸರೂ ಹೌದು, ‘ಕಲಿ’ ಎಂಬ ಆಜ್ಞೆಯೂ ಹೌದು. ನಾನು ಸಿಖ್ ಎಂದವನಿಗೆ ತನ್ನ ಬಾಯಲ್ಲೇ ಕಲಿ ಎಂಬ ಅಪ್ಪಣೆ ಕೇಳಿಸುತ್ತದೆ. ಅದನ್ನು ಪಂಜಾಬಿ ಕ್ರಮದಲ್ಲಿ ಗಿಡ್ಡವಾಗಿ ಉಚ್ಚರಿಸಿದರೆ ಆಸ್ಟ್ರೇಲಿಯಾದ ಇಂಗ್ಲಿಷಿನಲ್ಲಿ ಕಾಯಿಲೆಯವನು ಎಂದು ಕೇಳುತ್ತದೆ. ಇಂಗ್ಲಿಷರ ಹಾಗೆ ಎಳೆದು ‘ಸೀಖ್’ ಎಂದರೆ ಹುಡುಕು ಎಂದು ಕೇಳುತ್ತದೆ. ಶಾಲೆಯ ಮೊದಲ ದಿನ ಹೆಸರು, ಧರ್ಮ ಹೇಳಿಕೊಳ್ಳುವ ಮಗುವಿಗೆ ಈ ಎರಡರಲ್ಲಿ ಒಂದನ್ನು ಆರಿಸಿಕೊಳ್ಳಬೇಕಾದ ಪಾಡು. ಹಲವರು ಎಳೆದೇ ಹೇಳುತ್ತಾರೆ, ಹುಡುಕುವವನು ಎಂಬ ಅರ್ಥ ಹೊಂದುತ್ತದೆ ಎಂದು ಸಮಾಧಾನವನ್ನೂ ಪಡೆಯುತ್ತಾರೆ. ಕನ್ನಡದಲ್ಲಾದರೆ ‘ಸಿಕ್ಕ’, ಹುಡುಕಿದ್ದು ಕೈಗೆ ಬಂತು.

ಸವಾ ಲಾಖ್ ಎಂಬ ಹಳೆಯ ಲೆಕ್ಕಕ್ಕೆ ಈ ನಗರಗಳಲ್ಲಿ ಹೊಸ ಅರ್ಥ ಬಂದದ್ದು 2000ದ ನಂತರದ ವರ್ಷಗಳಲ್ಲಿ. ಪಂಜಾಬಿನಿಂದ ಓದಲು ಬಂದ ಹುಡುಗರು ಹಗಲು ತರಗತಿ, ರಾತ್ರಿ ಟ್ಯಾಕ್ಸಿ ಎಂದು ಬದುಕಿದರು. 2008ರ ಏಪ್ರಿಲ್‌ನಲ್ಲಿ ಮೆಲ್ಬರ್ನಿನ ಚಾಲಕನೊಬ್ಬನಿಗೆ ಚೂರಿ ಇರಿತವಾದಾಗ ಚಾಲಕರು ಫ್ಲಿಂಡರ್ಸ್ ಸ್ಟ್ರೀಟ್, ಸ್ವಾನ್ಸ್‌ಟನ್ ಸ್ಟ್ರೀಟ್ ಕೂಡುವ ಚೌಕದಲ್ಲಿ ರಸ್ತೆ ತಡೆದು, ಅಂಗಿ ಕಳಚಿ ಕೂತು ರಕ್ಷಣೆ ಕೇಳಿದರು. ಮರುವರ್ಷ ಭಾರತೀಯ ವಿದ್ಯಾರ್ಥಿಗಳ ಮೇಲಿನ ಹಲ್ಲೆಗಳು ಎರಡೂ ನಗರಗಳಲ್ಲಿ ದೊಡ್ಡ ಸುದ್ದಿಯಾದವು. ಅಂಥ ರಾತ್ರಿಯಲ್ಲಿ ಕಾರಿನ ಒಳಗೆ ಒಬ್ಬನೇ ಕೂತ ಪಗಡಿಯವನಿಗೆ ನಾನು ಒಂದೂಕಾಲು ಲಕ್ಷ ಎಂದುಕೊಳ್ಳುವುದು ಬಾಯಿಬಡಾಯಿಯಲ್ಲ. ಹದಿನೆಂಟನೆಯ ಶತಮಾನದ ಕಾಡಿನಲ್ಲಿ ಆ ಮಾತು ಮಾಡಿದ ಕೆಲಸವನ್ನೇ ಅಲ್ಲೂ ಮಾಡಿತು. ಮುಂದೆ ಅದೇ ಸಮುದಾಯದ ಅಡುಗೆಮನೆಗಳು ಊರಿಗೇ ತೆರೆದುಕೊಂಡವು. 2019–20ರ ಕಾಡ್ಗಿಚ್ಚಿನಲ್ಲಿ ಮೆಲ್ಬರ್ನಿನ ಸಿಖ್ ಸ್ವಯಂಸೇವಕರು ಊಟದ ವ್ಯಾನ್ ತೆಗೆದುಕೊಂಡು ಬೈರ್ನ್ಸ್‌ಡೇಲ್ ತನಕ ಹೋಗಿ ಬಡಿಸಿದರು. ಲಂಗರ್ ಮಸ್ತ್ ಎಂಬ ಪದವನ್ನು ಬಳಸುವ ಸಂದರ್ಭವೇ ಈ ನಗರಗಳ ಗುರುದ್ವಾರಾಗಳಲ್ಲಿ ಬರುವುದು ಅಪರೂಪ. ಒಂದು ಪದ ಹೀಗೆ ಕೆಲಸವಿಲ್ಲದೆ ಕೂತರೆ ಅದಕ್ಕಾಗಿ ಯಾರೂ ಮರುಗಬೇಕಾಗಿಲ್ಲ.

ಪಂಜಾಬಿ ಮಾತಿನಾಟಕ್ಕೆ ಇನ್ನೊಂದು ಬಂಡವಾಳ ಅದರ ಸ್ವರ. ಭಾರತದ ದೊಡ್ಡ ಭಾಷೆಗಳಲ್ಲಿ ಪದದ ಏರಿಳಿತದಿಂದಲೇ ಅರ್ಥ ಬದಲಾಗುವುದು ಪಂಜಾಬಿಯಲ್ಲಿ ಎದ್ದು ಕಾಣುತ್ತದೆ. ‘ಕೋಡಾ’ ಎಂಬುದನ್ನು ಸಮವಾಗಿ ಹೇಳಿದರೆ ಚಾವಟಿ, ದನಿ ತಗ್ಗಿಸಿ ಹೇಳಿದರೆ ಕುದುರೆ, ಏರಿಸಿ ಹೇಳಿದರೆ ಕುಷ್ಠರೋಗಿ. ಬರಹದಲ್ಲಿ ಮೂರಕ್ಕೂ ಬೇರೆ ಬೇರೆ ಅಕ್ಷರಗಳಿವೆ, ಬಾಯಲ್ಲಿ ಅವನ್ನು ಬೇರೆ ಮಾಡುವುದು ಗಂಟಲಿನ ತಗ್ಗು ದಿಬ್ಬಗಳು ಮಾತ್ರ. ಹಳ್ಳಿಯ ಚಾವಡಿಯಲ್ಲಿ ಈ ತಗ್ಗು ದಿಬ್ಬಗಳ ಮೇಲೆ ಬೇಕೆಂದೇ ಎಡವಿ ನಗಿಸುವವರಿದ್ದರು. ಹಾಡುಗಾರರಾದ ಮಿರಾಸಿಗಳು, ವಿದೂಷಕರಾದ ಭಾಂಡರು ಇದನ್ನೇ ಕಸುಬು ಮಾಡಿಕೊಂಡಿದ್ದರು. ನಾನಕರ ಸಂಗಾತಿ, ರಬಾಬ್ ನುಡಿಸುತ್ತಿದ್ದ ಭಾಯಿ ಮರ್ದಾನಾ ಕೂಡ ಮಿರಾಸಿಯೇ. ಗುರು ಧ್ಯಾನದಲ್ಲಿದ್ದಾಗ ಹಸಿವಾಯಿತು ಎಂದು ಪಟ್ಟು ಹಿಡಿಯುವ ಅವನಿಂದಾಗಿ ಜನಮಸಾಖಿಗಳಲ್ಲಿ ನಗೆ ಗರ್ಭಗುಡಿಯ ತನಕ ಬಂದಿದೆ. ಐದನೆಯ ಗುರು ಅರ್ಜನರಂತೂ ಬಿಡುಗಡೆಗೆ ಉಣ್ಣುವ, ಉಡುವ, ನಗುವ ಬಾಳನ್ನು ಬಿಡಬೇಕಾಗಿಲ್ಲವೆಂದು ವಾಣಿಯಲ್ಲೇ ಹೇಳಿದ್ದಾರೆ. ಧರ್ಮದಲ್ಲಿ ನಗೆಗೆ ಜಾಗವಿದೆಯೇ ಎಂಬ ಚರ್ಚೆ ಸಿಖ್ ಪರಂಪರೆಯಲ್ಲಿ ಅಲ್ಲಿಗೇ ಬಗೆಹರಿದಂತೆ.

ಬಗೆಹರಿಯದೆ ಉಳಿದದ್ದು ಎಂಥ ನಗೆ ಎಂಬುದು. ಮದುವೆಯ ‘ಸಿಠ್ಣಿ’ಗಳು ಈ ಪ್ರಶ್ನೆಯ ನಡುಮಧ್ಯದಲ್ಲಿವೆ. ದಿಬ್ಬಣದವರು ಊಟಕ್ಕೆ ಕೂತಾಗ ಹೆಣ್ಣಿನ ಕಡೆಯ ಹೆಂಗಸರು ಗಂಡಿನ ಅಪ್ಪ, ಅಕ್ಕತಂಗಿಯರು, ಸೋದರಮಾವಂದಿರನ್ನು ಹೆಸರಿಟ್ಟು ಹಂಗಿಸಿ ಹಾಡುವ ಹಾಡುಗಳಿವು. ಬೀಗರನ್ನು ಹೀಗಳೆಯುವ ಕನ್ನಡದ ಮದುವೆ ಹಾಡುಗಳ ಒಡಹುಟ್ಟುಗಳು ಎನ್ನಬೇಕು. ಎರಡರ್ಥದ ಮಾತು ಅಲ್ಲಿ ಧಾರಾಳ, ಕೆಲವು ಪೋಲಿಯೂ ಹೌದು. ಆದರೂ ಕಟ್ಟುಪಾಡಿದೆ. ಬೈಸಿಕೊಳ್ಳುವವರು ಎದುರಿಗೇ ಇರುತ್ತಾರೆ, ಎರಡೂ ಅರ್ಥ ಅವರಿಗೆ ತಿಳಿಯುತ್ತದೆ, ಅವರ ಕಡೆಯ ಹೆಂಗಸರಿಗೂ ತಿರುಗಿ ಹಾಡುವ ಹಕ್ಕಿದೆ. ಬಡತನ, ಸಾವು, ಬಂಜೆತನದಂಥ ನಿಜವಾದ ಗಾಯಗಳನ್ನು ಬಲ್ಲ ಹಾಡುಗಾರ್ತಿ ಮುಟ್ಟುವುದಿಲ್ಲ. ಮನೆಯ ಮಗಳನ್ನು ಅಪರಿಚಿತರಿಗೆ ಒಪ್ಪಿಸುವ ಗಳಿಗೆಯ ಭಯ ಮತ್ತು ಸಿಟ್ಟು ಈ ಹಾಡಿನಲ್ಲಿ ಕರಗುತ್ತದೆ. ಉತ್ತರ ಕರ್ನಾಟಕದ ಮದುಮಗಳು ಗಂಡನ ಹೆಸರನ್ನು ಒಡಪಿನಲ್ಲಿ ಮುಚ್ಚಿ ಹೇಳುವಾಗಲೂ ಇಂಥದೇ ಒಂದು ಕೆಲಸ ನಡೆಯುತ್ತದೆ. ಆಡಬಾರದ ಮಾತು ಆಟವಾಗಿ ಬಾಯಿಗೆ ಬರುತ್ತದೆ.

ಸಿಡ್ನಿ, ಮೆಲ್ಬರ್ನ್‌ಗಳಲ್ಲಿ ಸಿಖ್ ಮದುವೆಯ ವಿಧಿಯಾದ ಆನಂದ್ ಕಾರಜ್ ಗುರುದ್ವಾರಾದಲ್ಲಿ ಬೆಳಗ್ಗೆ ನಡೆಯುತ್ತದೆ. ಗುರು ಗ್ರಂಥ ಸಾಹಿಬ್ ಸುತ್ತ ನಾಲ್ಕು ಬಾರಿ ಬರುವ ಆ ಹೊತ್ತಿಗೆ ಹಾಸ್ಯದ ಸೋಂಕಿಲ್ಲ. ಸಿಠ್ಣಿ, ಬೋಲಿ, ದೀಪ ಹೊತ್ತು ಕುಣಿಯುವ ಜಾಗೋ ಎಲ್ಲ ಹಿಂದಿನ ರಾತ್ರಿ ಮನೆಯಲ್ಲಿ ಅಥವಾ ಬಾಡಿಗೆ ಸಭಾಂಗಣದಲ್ಲಿ. ಅಲ್ಲಿನ ತೊಡಕೇ ಬೇರೆ. ಅಜ್ಜಿ ಹಾಡಿದ ಸಿಠ್ಣಿಯ ಮೇಲಿನ ಅರ್ಥ ಮೊಮ್ಮಗಳಿಗೆ ತಿಳಿಯುತ್ತದೆ, ಕೆಳಗಿನದು ತಿಳಿಯುವುದಿಲ್ಲ. ಮದುಮಗ ಗ್ರೀಕರವನೋ ಇಟಲಿಯವನೋ ಆದರೆ ಅವನಿಗೆ ಎರಡೂ ಇಲ್ಲ. ಪಕ್ಕದಲ್ಲಿ ಕೂತವರು ಇಂಗ್ಲಿಷಿಗೆ ತಿರುಗಿಸಿ ಹೇಳಿದರೆ ಬೈಗುಳ ಮಾತ್ರ ದಾಟುತ್ತದೆ, ಆಟ ದಾಟುವುದಿಲ್ಲ. ಪಂಜಾಬಿಯಲ್ಲಿ ಇಬ್ಬರಿಗೂ ತೆರೆದಿದ್ದ ಮಾತು ಅನುವಾದದಲ್ಲಿ ಒಬ್ಬನಿಗೆ ಮುಚ್ಚಿಹೋಗಿ, ದ್ರೋಣನ ಮುಂದೆ ಆಡಿದ ಮಾತಿನ ಸಾಲಿಗೆ ಸೇರುವ ಅಪಾಯವಿದೆ. ಇದನ್ನು ಅರಿತ ಹಿರಿಯ ಹೆಂಗಸರು ಅಂಥ ಮದುವೆಗಳಲ್ಲಿ ಪೋಲಿ ಹಾಡುಗಳನ್ನು ಬಿಟ್ಟು, ಹೊಸ ಬೀಗರ ಉದ್ದ ಮೂಗನ್ನೋ ಬೋಳು ತಲೆಯನ್ನೋ ಕೈಸನ್ನೆಯಲ್ಲಿ ತೋರಿಸಬಹುದಾದಂಥವನ್ನು ಹಾಡುವುದು ನಿಜವಾದ ಔಚಿತ್ಯಜ್ಞಾನ.

ಇದಕ್ಕಿಂತ ಎಷ್ಟೋ ಸಲೀಸಾಗಿ ಸಾಗರ ದಾಟಿದ್ದು ಕಬಡ್ಡಿಯ ಅಂಕಣ. ಎರಡೂ ನಗರಗಳ ಮೈದಾನಗಳಲ್ಲಿ ವೃತ್ತ ಕಬಡ್ಡಿಯ ಪಂದ್ಯಗಳು ನಡೆಯುತ್ತವೆ. ಊರಿಂದೂರಿಗೆ ಸುತ್ತುವ ಆಸ್ಟ್ರೇಲಿಯನ್ ಸಿಖ್ ಕ್ರೀಡಾಕೂಟಕ್ಕೂ ಅದೇ ದೊಡ್ಡ ಸೆಳೆತ. ಮೈಕ್ ಹಿಡಿದ ವೀಕ್ಷಕ ವಿವರಣೆಗಾರ ಅಂಕ ಹೇಳುವುದಕ್ಕಿಂತ ಪ್ರಾಸ ಕಟ್ಟುವುದೇ ಹೆಚ್ಚು. ಈ ಆಟದಲ್ಲಿ ದಾಳಿಗಾರನನ್ನು ಬಿಗಿಹಿಡಿದು ನಿಲ್ಲಿಸುವುದಕ್ಕೆ ‘ಜಫ್ಫಾ’ ಎಂದು ಹೆಸರು. ‘ಜಫ್ಫಿ’ ಎಂದರೆ ಅಪ್ಪುಗೆ. ಬೆವರಿನಲ್ಲಿ ಜಾರುವ ಇಬ್ಬರು ನೆಲಕ್ಕೆ ಬೀಳುವಾಗ ಅದು ಹಿಡಿತವೋ ಅಪ್ಪುಗೆಯೋ ಎಂದು ಮೈಕಿನಲ್ಲಿ ಒಂದು ಸಾಲು ಬರುತ್ತದೆ, ಮೈದಾನ ಗೊಳ್ಳೆನ್ನುತ್ತದೆ, ಬಿದ್ದವನೂ ನಗುತ್ತಾನೆ.

ಹೊರಗಿನವರು ಕಟ್ಟಿದ ಸರ್ದಾರ್ಜಿ ನಗೆಹನಿಗಳ ಬಗ್ಗೆ ಹೆಚ್ಚು ಹೇಳುವುದು ಬೇಡ. ಅವನ್ನು ನಿಷೇಧಿಸಬೇಕೆಂಬ ಅರ್ಜಿಗೆ 2017ರ ಫೆಬ್ರುವರಿಯಲ್ಲಿ ಸುಪ್ರೀಂ ಕೋರ್ಟ್, ನಾಗರಿಕರಿಗೆ ನೈತಿಕ ಮಾರ್ಗಸೂಚಿ ಹೊರಡಿಸುವುದು ತನ್ನ ಕೆಲಸವಲ್ಲ ಎಂದಿತು. ಕಾನೂನಿನ ಮಟ್ಟಿಗೆ ಅದು ಸರಿಯೇ, ಆದರೆ ನಮ್ಮ ಒರೆಗಲ್ಲಿನ ತೀರ್ಪು ಬೇರೆ. ‘ಹನ್ನೆರಡು ಗಂಟೆ ಆಯಿತಾ’ ಎಂಬ ಹಳಸಲು ಕುಹಕವನ್ನೇ ನೋಡಬಹುದು. 1739ರಲ್ಲಿ ನಾದಿರ್ ಶಾನ ಸೈನ್ಯ ಸೆರೆಹಿಡಿದು ಒಯ್ಯುತ್ತಿದ್ದ ಹೆಂಗಸರನ್ನು ಬಿಡಿಸಲು ಸಿಖ್ಖರು ನಡುರಾತ್ರಿ ದಾಳಿ ಮಾಡುತ್ತಿದ್ದರು, ಆ ಹೊತ್ತಿನ ಗುರುತೇ ಈ ಹನ್ನೆರಡು ಎಂದು ಸಿಖ್ಖರು ಹೇಳುತ್ತ ಬಂದಿದ್ದಾರೆ. ಕುಹಕವಾಡುವವನಿಗೆ ಇದರಲ್ಲಿ ಒಂದೇ ಅರ್ಥ ಗೊತ್ತು. ಕೇಳಿಸಿಕೊಳ್ಳುವವನಿಗೆ ಎರಡೂ ಗೊತ್ತು. ಅಜ್ಞಾನ ಇಲ್ಲಿ ಮಾತಾಡುವವನ ಕಡೆಗಿದೆ. ಖುಷ್ವಂತ್ ಸಿಂಗ್ (1915–2014) ತಮ್ಮವರ ಮೇಲಿನ ನಗೆಹನಿಗಳನ್ನು ತಾವೇ ಪುಸ್ತಕ ಮಾಡಿದರು. ಹಿರಿಯ ಹಾಸ್ಯಗಾರ ಜಸ್ವಿಂದರ್ ಭಲ್ಲಾ 1988ರಿಂದ ‘ಛಣಕಾಟಾ’ ಕ್ಯಾಸೆಟ್ ಸರಣಿಯಲ್ಲಿ ಪಂಜಾಬಿಗಳ ವಿದೇಶದ ಹುಚ್ಚನ್ನು ಪಂಜಾಬಿಗಳ ಮುಂದೆಯೇ ಹಂಗಿಸಿದರು. ಈ ಕ್ಯಾಸೆಟ್‌ಗಳನ್ನು ಕೇಳಿ ನಕ್ಕವರೇ ಮುಂದೆ ವಿಮಾನ ಹತ್ತಿ ಬಂದರು.

ಅವರ ಮಕ್ಕಳ ಪಂಜಾಬಿ ಈಗ ಗುರುದ್ವಾರಾಗಳ ಶಾಲೆಗಳಲ್ಲಿ, ಎಸ್‌ಬಿಎಸ್ ಬಾನುಲಿಯಲ್ಲಿ ಉಸಿರಾಡುತ್ತಿದೆ. ವಿಕ್ಟೋರಿಯಾದಲ್ಲಿ ಪ್ರೌಢಶಾಲೆ ಮುಗಿಸುವ ವಿಸಿಇ ಪರೀಕ್ಷೆಗೆ ಪಂಜಾಬಿಯನ್ನು ಒಂದು ವಿಷಯವಾಗಿ ತೆಗೆದುಕೊಳ್ಳಲು ಅವಕಾಶವಿದೆ. ವ್ಯಾಕರಣ, ಪ್ರಬಂಧ, ಸಂಭಾಷಣೆ ಎಲ್ಲವನ್ನೂ ತರಗತಿಯಲ್ಲಿ ಕಲಿಸಬಹುದು. ತಗ್ಗು ದನಿಯ ಕುದುರೆ ಸಮದನಿಯ ಚಾವಟಿಯಾಗದಂತೆ ತಡೆಯುವುದು ಕಷ್ಟ, ಏಕೆಂದರೆ ಇಂಗ್ಲಿಷಿನಲ್ಲಿ ಬೆಳೆದ ಗಂಟಲಿಗೆ ಆ ತಗ್ಗು ಕೇಳಿಸುವುದೇ ಇಲ್ಲ. ನಾನಕರ ಕಥೆಯನ್ನು ಇಂಗ್ಲಿಷಿನಲ್ಲಿ ಹೇಳುವ ಶಿಕ್ಷಕಿಯರೂ ಉಗ್ರಾಣ, ಧಾನ್ಯ, ನವಾಬ ಎಲ್ಲವನ್ನೂ ತಿರುಗಿಸಿ ಹೇಳಿ, ಹದಿಮೂರರ ಹತ್ತಿರ ಬಂದಾಗ ಪಂಜಾಬಿಗೆ ಮರಳಲೇಬೇಕು. ಆ ಒಂದು ಪದಕ್ಕೆ ಇಂಗ್ಲಿಷಿನಲ್ಲೂ ಬದಲಿಯಿಲ್ಲ, ಕನ್ನಡದಲ್ಲೂ ಇಲ್ಲ. ಅದೇ ತರಗತಿಯ ಉಕ್ತಲೇಖನದಲ್ಲಿ ಒಂದರಿಂದ ಇಪ್ಪತ್ತರವರೆಗೆ ಅಕ್ಷರಗಳಲ್ಲಿ ಬರೆಯುವಾಗ ಹದಿಮೂರರ ಮೇಲಿನ ಬಿಂದುವನ್ನು ಬಿಟ್ಟ ಮಗುವಿನ ಪುಸ್ತಕದಲ್ಲಿ ಕೆಂಪು ಗೀಟು ಬೀಳುತ್ತದೆ. ಶಿಕ್ಷಕಿ ಸೊನ್ನೆಯನ್ನು ಅದರ ಜಾಗದಲ್ಲಿ ಇಟ್ಟು ತಿದ್ದುತ್ತಾಳೆ.